ಅಮ್ಮನ ಬಟ್ಟಲಿಗೆ ಅಂಟು ಹಾಕಿದವರಿಗೆ

ಮಲೆಟ್ ಕ್ರೀಕ್ ದಂಡೆ, ಜಾರ್ಜಿಯಾ
ಮಾರ್ಚ್ 1954

ಕೌಂಟಿಯ ಪರಂಪರೆ ಸಮಿತಿಯ ಅಧ್ಯಕ್ಷರಿಗೆ,

ಮಾನ್ಯರೇ,

ಮೊದಲಿಗೆ ನನ್ನ ಭಾಷೆಗೂ ಕಾಗುಣಿತಕ್ಕೂ ಕ್ಷಮೆ ಇರಲಿ. ನಾನು ಓದಿದ್ದು ಐದನೇ ತರಗತಿಯವರೆಗೆ. ಆ ವರ್ಷ ಅಮ್ಮ ತೀರಿಕೊಂಡಳು, ಹಸುಗೂಸು ತಂಗಿಯನ್ನು ನೋಡಿಕೊಳ್ಳಲು ನಾನು ಮನೆಯಲ್ಲೇ ಉಳಿದೆ. ನಾಲ್ಕು ಜನರ ಎದುರು ನನಗೆ ಮಾತು ಹೊರಡುವುದಿಲ್ಲ. ಅದಕ್ಕೇ ಇದನ್ನು ನಮ್ಮ ಚರ್ಚಿನ ವಾರದ ಹಾಳೆಯಲ್ಲಿ ಅಚ್ಚು ಹಾಕಿಸುತ್ತಿದ್ದೇನೆ. ವಿಷಯ ಇಷ್ಟೇ: ತಾವು ನಮ್ಮ ಸತ್ತವರ ಬಟ್ಟಲುಗಳನ್ನು ಅವರ ಗೋರಿಗಳ ಮೇಲಿಂದ ಎತ್ತಿಕೊಂಡು ಹೋಗಿದ್ದೀರಿ. ಅದಕ್ಕಿಂತ ದೊಡ್ಡ ತಪ್ಪೆಂದರೆ, ಅವುಗಳನ್ನು ದುರಸ್ತಿ ಮಾಡಿಸಿದ್ದೀರಿ.

ಕೌಂಟಿಗೆ ನೂರು ವರ್ಷ ತುಂಬಿತೆಂದು ಹೋದ ವರ್ಷ ತಾವು ಎಲ್ಲ ಸ್ಮಶಾನಗಳನ್ನೂ ಸ್ವಚ್ಛ ಮಾಡಿಸಿದಿರಿ. ನಮ್ಮದನ್ನೂ ಮರೆಯಲಿಲ್ಲ, ಅದಕ್ಕೆ ಕೃತಜ್ಞತೆಗಳು. ಅದುವರೆಗೆ ಆ ಕಡೆಗೆ ಒಂದು ರಸ್ತೆಯೂ ಬಂದಿರಲಿಲ್ಲ, ಇತಿಹಾಸ ಮಾತ್ರ ಲಾರಿ ಹತ್ತಿ ಬಂತು. ಗೋರಿಗಳ ಮೇಲಿದ್ದ ಕಪ್ಪೆಚಿಪ್ಪುಗಳನ್ನು ಗುಡಿಸಿ ಹೊಳೆಗೆ ಸುರಿದರು. ಒಡೆದ ಪಿಂಗಾಣಿಯನ್ನು ಪೆಟ್ಟಿಗೆಗಳಲ್ಲಿ ತುಂಬಿ ಕೋರ್ಟಿನ ಕಟ್ಟಡಕ್ಕೆ ಸಾಗಿಸಿದರು. ಅಲ್ಲಿನ ಕೆಳಗಿನ ಕೋಣೆಯನ್ನು ತಾವು ವಸ್ತುಸಂಗ್ರಹಾಲಯ ಮಾಡಿದ್ದೀರಿ. ಅಲ್ಲಿ ದಿನಾ ಧೂಳು ಒರೆಸುವವಳು ನಾನೇ. ಕರಿಯರಿಗೆಂದು ಇಟ್ಟಿರುವ ಹಿಂಬಾಗಿಲಿನಿಂದ ಬರುತ್ತೇನೆ, ಆದ್ದರಿಂದ ತಾವು ನನ್ನನ್ನು ನೋಡಿರಲಾರಿರಿ.

ತಮ್ಮ ಸಮಿತಿಯ ಅಮ್ಮಾವರು ಚಳಿಗಾಲ ಪೂರ್ತಿ ಅಲ್ಲೇ ಕೂತು ಚೂರುಗಳನ್ನು ಜೋಡಿಸಿದರು. ಬಹಳ ತಾಳ್ಮೆಯ ಕೈ. ಒಂದು ದಿನ ನನ್ನನ್ನು ಕರೆದು ತೋರಿಸಿದರು.

"ನೋಡು ಹುಡುಗಿ, ಒಡೆದಿತ್ತು ಅಂತ ಗೊತ್ತಾಗುತ್ತಾ? ನಿಮ್ಮೋರದ್ದು ಅದೆಂಥ ಒರಟು ಕೈಯಮ್ಮಾ! ಒಂದಾದ್ರೂ ನೆಟ್ಟಗಿರೋದು ಸಿಗಲಿಲ್ಲ ನೋಡು."

ಅವರ ಕೈಯಲ್ಲಿದ್ದುದು ನನ್ನ ಅಮ್ಮನ ಬಟ್ಟಲು. ನೀಲಿ ಹೂವಿನದು, ಹಿಡಿಕೆಯ ಹತ್ತಿರ ಮೊದಲಿನಿಂದಲೂ ಒಂದು ಚಕ್ಕೆ ಹೋಗಿತ್ತು. ಆ ಚಕ್ಕೆಯ ಜಾಗವನ್ನೂ ಸುಣ್ಣದಂಥ ಏನನ್ನೋ ತುಂಬಿ ಸರಿ ಮಾಡಿದ್ದರು. ನಾನು "ಹೌದಮ್ಮಾ" ಎಂದೆ. ಹಾಗೆಂದಿದ್ದಕ್ಕೆ ಇವತ್ತಿಗೂ ನನ್ನನ್ನು ನಾನು ಕ್ಷಮಿಸಿಲ್ಲ.

ಮಾನ್ಯರೇ, ಅವು ಕೈತಪ್ಪಿ ಒಡೆದವಲ್ಲ. ಸತ್ತವರು ಕೊನೆಯ ಗುಟುಕು ಕುಡಿದ ಬಟ್ಟಲನ್ನು, ಕೊನೆಗಾಲದಲ್ಲಿ ಬಳಸಿದ ಪಾತ್ರೆಯನ್ನು ನಾವು ಗೋರಿಯ ಮೇಲೆ ಒಡೆದು ಇಡುತ್ತೇವೆ. ಒಡೆದರೆ ಅವರಿಗೂ ಮನೆಗೂ ಇದ್ದ ಕೊಂಡಿ ಕಳಚುತ್ತದೆ, ಅವರು ನೆಮ್ಮದಿಯಿಂದ ಹೋಗುತ್ತಾರೆ. ಒಡೆಯದಿದ್ದರೆ ಬಾಯಾರಿ ತಿರುಗಿ ಬರುತ್ತಾರೆ. ಬಂದವರು ಒಬ್ಬರೇ ಹೋಗುವುದಿಲ್ಲ, ಮನೆಯವರಲ್ಲಿ ಒಬ್ಬರನ್ನು ಕರೆದುಕೊಂಡು ಹೋಗುತ್ತಾರೆ.

ತಂಗಿ ಹುಟ್ಟಿದ ಒಂಬತ್ತನೇ ದಿನ ಅಮ್ಮ ಆ ಬಟ್ಟಲಿನಲ್ಲಿ ಶುಂಠಿಯ ಕಷಾಯ ಕುಡಿದಳು, ಅರ್ಧ ಬಿಟ್ಟಳು. ಮಣ್ಣು ಮಾಡಿದ ಮೇಲೆ ಹೆಸ್ಟರ್ ಅಜ್ಜಿ ಬಟ್ಟಲನ್ನು ಗೋರಿಯ ಮೇಲೆ ಬೋರಲು ಹಾಕಿ ನನ್ನ ಕೈಗೆ ಕಲ್ಲು ಕೊಟ್ಟಳು. ಹಿರಿಮಗಳು ನಾನು, ನಾನೇ ಒಡೆಯಬೇಕು. ಮೊದಲ ಏಟಿಗೆ ಒಡೆಯಲಿಲ್ಲ. ಎರಡನೆಯದಕ್ಕೂ ಇಲ್ಲ.

"ಜೋರಾಗಿ ಹೊಡಿ ಮಗಾ," ಎಂದಳು ಅಜ್ಜಿ. "ನಿಮ್ಮಮ್ಮಂಗೆ ನೋವಾಗಲ್ಲ. ಒಡೀದೆ ಬಿಟ್ರೇನೆ ಅವಳಿಗೆ ನೋವು."

ಮೂರನೇ ಏಟಿಗೆ ಒಡೆಯಿತು. ಹನ್ನೊಂದು ವರ್ಷದ ಹುಡುಗಿ ತಾಯಿಯನ್ನು ಕಳಿಸಿಕೊಡಲು ಎಷ್ಟು ಬಲ ಬೇಕು ಎಂದು ತಮ್ಮ ಸಮಿತಿ ಯಾವ ಹಲಗೆಯ ಮೇಲೆ ಬರೆಸೀತು?

ಹಲಗೆ ಎಂದಾಗ ನೆನಪಾಯಿತು. ಕ್ವಾಶ್ ಮಾವ ಹಾಸಿಗೆ ಹಿಡಿದಾಗ ಮೂತ್ರಕ್ಕೆ ಇಟ್ಟುಕೊಂಡಿದ್ದ ಪಾತ್ರೆಯ ಕೆಳಗೆ "ಸೂಪಿನ ಬೋಗುಣಿ" ಎಂದು ಬರೆಸಿದ್ದೀರಿ. ಇದನ್ನು ಹೇಳಿದಾಗ ಅಜ್ಜಿ ಕಣ್ಣಲ್ಲಿ ನೀರು ಬರುವಷ್ಟು ನಕ್ಕಳು. "ಅವನ ಮರ್ಯಾದೆ ಸತ್ತ ಮೇಲಾದ್ರೂ ಹೆಚ್ತಲ್ಲ ಬಿಡು!" ಆಮೇಲೆ ಕಣ್ಣೊರೆಸಿಕೊಂಡು, "ಅದಕ್ಕೂ ಅಂಟು ಹಾಕಿದ್ದಾರೇನೇ?" ಎಂದು ಕೇಳಿದಳು. ಅಮ್ಮನ ಬಟ್ಟಲಿನ ಕೆಳಗೆ ಬರೆದಿರುವುದು ಹೀಗೆ: "ಬಳಸಿದವರು ಯಾರೆಂದು ತಿಳಿದಿಲ್ಲ." ಯಾರಿಗೆ ತಿಳಿದಿಲ್ಲ, ಮಾನ್ಯರೇ? ಬಟ್ಟೆ ಹಿಡಿದು ಎರಡು ಮಾರು ದೂರದಲ್ಲಿ ನಿಂತಿದ್ದೆನಲ್ಲ, ನನ್ನನ್ನು ಕೇಳಬಹುದಿತ್ತಲ್ಲ?

ನನ್ನ ತಂಗಿ ಡೆಲ್ಸಿಗೆ ಈಗ ಎಂಟು ವರ್ಷ. ಅವಳು ಅಮ್ಮನ ಮುಖ ಕಂಡವಳಲ್ಲ. ಬಟ್ಟಲಿಗೆ ಅಂಟು ಹಾಕಿದ ವಾರದಿಂದ ಬೆಳಗಿನ ಗಂಜಿಗೆ ಅವಳು ಒಂದು ತಟ್ಟೆ ಹೆಚ್ಚು ಇಡುತ್ತಿದ್ದಾಳೆ.

"ಯಾರಿಗೇ ಅದು?" ಎಂದು ಕೇಳಿದೆ.

"ಬಾಗಿಲ ಹತ್ರ ನಿಂತವ್ಳಲ್ಲಕ್ಕಾ, ಅವಳಿಗೆ. ಬಾಯಾರಿಕೆ ಅಂತಾಳೆ. ಲೋಟದಲ್ಲಿ ಕೊಟ್ರೆ ಬೇಡ್ವಂತೆ, ನೀಲಿ ಹೂವಿಂದೇ ಬೇಕಂತೆ."

ನೀಲಿ ಹೂವಿನ ವಿಷಯ ನಾವು ಯಾರೂ ಅವಳಿಗೆ ಹೇಳಿದವರಲ್ಲ. ಫೆಬ್ರವರಿಯಿಂದ ಡೆಲ್ಸಿಗೆ ಜ್ವರ ಬಿಟ್ಟು ಬಿಟ್ಟು ಬರುತ್ತಿದೆ. ಡಾಕ್ಟರು ಜವುಗಿನ ಗಾಳಿ ಎನ್ನುತ್ತಾರೆ. ಇರಬಹುದು. ಅಜ್ಜಿ ಮಗುವಿನ ಕೈ ಹಿಡಿದುಕೊಂಡೇ ಮಲಗುತ್ತಾಳೆ.

ಹೋದ ತಿಂಗಳು ಧೈರ್ಯ ಮಾಡಿ ತಮ್ಮ ಕೋಣೆಯ ಬಾಗಿಲಲ್ಲಿ ನಿಂತು ಬಟ್ಟಲುಗಳನ್ನು ನಮಗೆ ಹಿಂದಕ್ಕೆ ಕೊಡುತ್ತೀರಾ ಎಂದು ಕೇಳಿದೆ. ತಾವು ಕಾಗದದಿಂದ ತಲೆ ಎತ್ತದೆ, "ಬಿದ್ದು ಹಾಳಾಗ್ತಿದ್ದುದನ್ನ ಜೋಪಾನ ಮಾಡಿದೀವಲ್ಲಮ್ಮಾ. ಇನ್ನು ನೂರು ವರ್ಷ ಅದಕ್ಕೇನೂ ಆಗಲ್ಲ," ಎಂದಿರಿ. ಒಳ್ಳೆಯ ಮನಸ್ಸಿನಿಂದಲೇ ಅಂದಿರಿ. ಆ ನೂರು ವರ್ಷವೇ ನನ್ನನ್ನು ಹೆದರಿಸುತ್ತಿರುವುದು.

ನಮಗೆ ಕ್ಷಮಾಪಣೆ ಬೇಡ, ಹಲಗೆ ಬೇಡ. ಬರುವ ಶನಿವಾರದೊಳಗೆ ಆ ಗಾಜಿನ ಕಪಾಟು ತೆರೆಸಿ ಎಲ್ಲವನ್ನೂ ನಮ್ಮ ಕೈಗೆ ಕೊಡಿಸಿ. ಯಾವುದು ಯಾರದೆಂದು ಅಜ್ಜಿ ಇರುವಾಗಲೇ ಕೇಳಿಕೊಂಡು ಅವರವರ ಗೋರಿಯ ಮೇಲೆ ಇಡುತ್ತೇವೆ. ಒಡೆಯುವ ಕೆಲಸ ನಮಗೇ ಬಿಡಿ. ಈ ಪತ್ರಕ್ಕಾಗಿ ನನ್ನನ್ನು ಕೆಲಸದಿಂದ ತೆಗೆಯುವುದಾದರೆ ಶನಿವಾರ ಕಳೆದ ಮೇಲೆ ತೆಗೆಯಿರಿ.

ಇಂತಿ,
ಬಳಸಿದವರು ಯಾರೆಂದು ತಮಗೆ ತಿಳಿಯದ ಬಟ್ಟಲಿನವಳ ಹಿರಿಮಗಳು,
ತಮ್ಮ ಕಪಾಟಿನ ಧೂಳು ಒರೆಸುವ
ಆರ್ಲೀತಾ ಮಂಗಿನ್

ಇನ್ನೊಂದು ಮಾತು. ಇವತ್ತು ಬೆಳಿಗ್ಗೆ ಧೂಳು ಒರೆಸಲೆಂದು ಕಪಾಟು ತೆರೆದುಕೊಟ್ಟಾಗ ಅಮ್ಮನ ಬಟ್ಟಲನ್ನು ಹೊರಗೆ ತೆಗೆದು ಅಂಚಿನವರೆಗೆ ನೀರು ತುಂಬಿಸಿದೆ. ಎಲ್ಲೋ ಒಂದು ಕಡೆ ಅಂಟು ಬಿಟ್ಟಿರಬಹುದು ಎಂಬ ಆಸೆ. ಕೆಳಗೆ ನನ್ನ ಒಣಬಟ್ಟೆ ಹಾಸಿ, ಕೋಣೆ ಪೂರ್ತಿ ಗುಡಿಸಿ ಬಂದು ನೋಡಿದೆ. ಬಟ್ಟೆ ಒಣಗಿಯೇ ಇತ್ತು. ಬಟ್ಟಲಿನಲ್ಲಿ ನೀರು ಅರ್ಧಕ್ಕೆ ಇಳಿದಿತ್ತು.