ಮೂಲೆಯಲ್ಲಿ ಬಾಣವಿರುವ ಹನ್ನೊಂದು ಚಿತ್ರಗಳು

ಮನೆ, ಕಿಟಕಿಯ ಪಕ್ಕದ ಮೇಜು
ಗುರುವಾರ

ಪ್ರೀತಿಯ ಮಗಳೇ,

ಕಳೆದ ವಾರ ಬುಧವಾರ ಬರೆದ ನನ್ನ ಪತ್ರದಲ್ಲಿ, ‘ತೀರಿಕೊಂಡ ನಿನ್ನ ಅಮ್ಮನ ಧ್ವನಿಮುದ್ರಣಗಳು ಹನ್ನೊಂದೂ ನನ್ನ ಕಂಪ್ಯೂಟರಿನಲ್ಲಿ ಭದ್ರವಾಗಿವೆ, ನೀನು ಪೆನ್‌ಡ್ರೈವನ್ನು ಖಾಲಿ ಮಾಡಿಕೊಳ್ಳಬಹುದು’ ಎಂದು ಬರೆದಿದ್ದೆ. ಆ ವಾಕ್ಯದ ಎರಡು ಭಾಗಗಳೂ ತಪ್ಪು. ಕುಶಲ ವಿಚಾರಿಸುವ ಮೊದಲೇ ತಿದ್ದುಪಡಿಗೆ ತೊಡಗಿದ್ದಕ್ಕೆ ಬೇಸರಿಸಬೇಡ. ಸೂಜಿ ಚುಚ್ಚಿದ ಬೆರಳಿನ ಗಾಯ ಮಾಯಿತೇ? ಮಾಯುವವರೆಗೆ ದಪ್ಪ ಬಟ್ಟೆಯ ಹೊಲಿಗೆ ಒಪ್ಪಿಕೊಳ್ಳಬೇಡ. ನಾನು ಆರೋಗ್ಯವಾಗಿದ್ದೇನೆ.

ನೀನು ಬಂದಿದ್ದಾಗ, ‘ನಾನೇ ಕಂಪ್ಯೂಟರಿಗೆ ಹಾಕಿ ಕೊಡ್ತೀನಿ ಬಿಡಪ್ಪಾ’ ಎಂದೆ. ಮೂವತ್ತೈದು ವರ್ಷ ಪಾಠ ಹೇಳಿದವನಿಗೆ ಇಷ್ಟು ಬಾರದೇ ಎಂದು ನಾನೇ ಕುಳಿತೆ. ಒಂದೊಂದರ ಮೇಲೂ ಮೌಸಿನ ಬಲಗುಂಡಿ ಒತ್ತಿ, ಶಾರ್ಟ್‌ಕಟ್ ಮಾಡಿ, ಡೆಸ್ಕ್‌ಟಾಪಿನ ಮೇಲೆ ಸಾಲಾಗಿ ನಿಲ್ಲಿಸಿದೆ. ನೀನು ‘ಅಮ್ಮ ಬೈದಿದ್ದು’ ಎಂದು ಕರೆದದ್ದನ್ನು ‘ಮಾತೆಯ ಹಿತವಚನ’ ಎಂದು ಬದಲಿಸಿದೆ. ಅಂಗಿಯ ತೋಳು ಕತ್ತರಿಸುವ ಪಾಠಕ್ಕೆ ನಕ್ಷತ್ರದ ಚಿತ್ರ, ಅವಳು ಬರಿದೇ ನಕ್ಕದ್ದಕ್ಕೆ ಮರದ ಚಿತ್ರ. ಆ ಪಾಠಕ್ಕೆಂದು ಗೊತ್ತುಮಾಡಿದ ಮೂರು ಕೀಲಿಗಳನ್ನು ಕೀಲಿಮಣೆಯಲ್ಲಿ ಒಟ್ಟಿಗೆ ಒತ್ತಿದರೆ ಸಾಕು, ‘ಕತ್ತರಿ ಹಾಕೋಕೆ ಮುಂಚೆ ಎರಡು ಸಲ ಅಳತೆ ತಗೋ ಕಣೇ. ನಿಮ್ಮಪ್ಪ ಮಾತಾಡೋಕೆ ಮುಂಚೆ ಒಂದು ಸಲಾನೂ ತಗೊಳ್ಳಲ್ಲ’ ಎಂದು ಅವಳು ಶುರುಮಾಡುತ್ತಿದ್ದಳು. ಪ್ರತಿ ಚಿತ್ರದ ಮೂಲೆಯಲ್ಲಿದ್ದ ಪುಟ್ಟ ಬಾಣವನ್ನು ನಾನು ಅಲಂಕಾರವೆಂದೇ ತಿಳಿದೆ. ಪೆನ್‌ಡ್ರೈವ್ ಸಿಕ್ಕಿಸಿದ್ದಾಗ ಎಲ್ಲವೂ ನುಡಿದವು. ನೀನು ಅದನ್ನು ತೆಗೆದುಕೊಂಡು ಹೊರಟೆ. ನಾನು ಮತ್ತೊಮ್ಮೆ ಪರೀಕ್ಷಿಸದೆ ಹೆಮ್ಮೆಯಿಂದ ಪತ್ರ ಬರೆದೆ.

ಮೊನ್ನೆ ಮಂಗಳವಾರ, ಊಟವಾದ ಮೇಲೆ, ಮನೆಯಲ್ಲಿ ಗಡಿಯಾರದ ಸದ್ದು ತೀರ ಹೆಚ್ಚಾದಂತೆ ತೋರಿ, ಆ ಮೂರು ಕೀಲಿಗಳನ್ನು ಒತ್ತಿದೆ. ಮೂಲವು ಸಿಗುತ್ತಿಲ್ಲವೆಂಬ ಸೂಚನೆ ಬಂತು. ಹನ್ನೊಂದಕ್ಕೂ ಅದೇ ಉತ್ತರ. ಕಂಪ್ಯೂಟರ್ ರಿಪೇರಿಯವರು ಬಂದು ನೋಡಿ, ‘ಮೇಷ್ಟ್ರೇ, ಇದು ಮನೆ ಅಲ್ಲ, ಮನೆ ಕಡೆ ಕೈ ತೋರ್ಸೋ ಬೋರ್ಡು. ಮನೆ ನಿಮ್ಮ ಮಗಳ ಪರ್ಸಲ್ಲಿದೆ’ ಎಂದರು. ಅಷ್ಟರಲ್ಲಿ ನನ್ನ ಪತ್ರ ನಿನಗೆ ಸೇರಿ ಮೂರು ದಿನವಾಗಿತ್ತು.

ಫೋನ್ ಮಾಡಬಹುದಿತ್ತಲ್ಲ ಎನ್ನುವೆ. ನಾಲ್ಕು ಸಲ ಸಂಖ್ಯೆ ಒತ್ತಿ, ಅತ್ತ ಸದ್ದಾಗುವ ಮೊದಲೇ ಇಟ್ಟುಬಿಟ್ಟೆ. ಹೇಳಿದ ಕೆಲಸವನ್ನು ನಾಳೆಗೆ ಉಳಿಸಬಾರದೆಂದು ನಿನಗೆ ಕಲಿಸಿದವನು ನಾನೇ; ಅಳಿಸುವುದಾಗಿದ್ದರೆ ಪತ್ರ ಸೇರಿದ ದಿನವೇ ಅಳಿಸಿರುತ್ತೀಯೆ. ಫೋನಿನಲ್ಲಾದರೆ ಅದು ಒಂದೇ ಕ್ಷಣಕ್ಕೆ ತಿಳಿದುಹೋಗುತ್ತದೆ. ಪತ್ರ ಹೋಗಿ ಉತ್ತರ ಬರಲು ಆರು ದಿನ ಬೇಕು. ಆ ಆರು ದಿನ ಅವಳು ಇರುತ್ತಾಳೆ. ಚಿತ್ರಗಳನ್ನು ನಾನು ತೆಗೆದಿಲ್ಲ.

ಹೊಲಿಗೆಯ ಮೆಷಿನ್ನನ್ನು ಬೆಳಕು ಬೀಳುವ ಕಡೆ ಇಟ್ಟುಕೊ. ನಿನ್ನ ಕೈಗೆಲಸ ಎಲ್ಲರ ಮೆಚ್ಚುಗೆ ಪಡೆಯಲಿ.

ನಿನ್ನ ಅಪ್ಪ

ಬಿಟ್ಟುಹೋದ ಮಾತು: ಅಳಿಸಿಲ್ಲವಾದರೆ, ಅಳಿಸಬೇಡ. ಅಳಿಸಿದ್ದರೆ ಹಾಗೆಂದು ಬರೆಯಬೇಡ. ಅಮ್ಮ ಬೈದದ್ದು ನಿನಗೆ ನೆನಪಿರುವಷ್ಟನ್ನು ಬರೆದು ಕಳಿಸು. ಆ ಹೆಸರನ್ನು ಮೊದಲಿದ್ದಂತೆ ‘ಅಮ್ಮ ಬೈದಿದ್ದು’ ಎಂದೇ ಮಾಡಿದ್ದೇನೆ. ಅವಳು ಆಡಿದ ಹಾಗೆಯೇ ಬರೆ, ನಾನು ತಿದ್ದುವುದಿಲ್ಲ.

೧೪ನೆಯ ತಾರೀಖು, ಸಂಜೆ ನಾಲ್ಕು ಗಂಟೆ ಹತ್ತು ನಿಮಿಷ.