ಟ್ರಕ್ಕಿನಲ್ಲಿ ಕೂತ ಅಪ್ಪನಿಗೆ

ವಿನಿಪೆಗ್,
ಮಂಗಳವಾರ

ಅಪ್ಪಾ,

ಶನಿವಾರದ ಫೈನಲ್‌ಗೆ ಎರಡು ಟಿಕೆಟ್ ಇದರೊಳಗಿವೆ. ಅಮ್ಮನ ಪಕ್ಕದ ಕುರ್ಚಿಯಲ್ಲಿ ಈ ಸಲ ನೀನು ಕೂರಬೇಕು, ನಿನ್ನ ಟೋಪಿ ಅಲ್ಲ.

ನನಗೆ ಒಂಬತ್ತು ವರ್ಷವಿದ್ದಾಗ ನೀನು ಟ್ರಕ್ಕಿನ ಎಂಜಿನ್ ಬಿಸಿ ಮಾಡಲು ಹೊರಗೆ ಹೋದೆ; ಅಷ್ಟರಲ್ಲಿ ನಾನು ಐಸ್ ಹಾಕಿಯಲ್ಲಿ ನನ್ನ ಮೊದಲ ಗೋಲು ಹೊಡೆದೆ. "ನಾನ್ ಒಳಗಿದ್ರೆ ಹುಡುಗಿ ಗೋಲ್ ಹೊಡೆಯಲ್ಲ" ಅಂತ ಊರಿಗೆಲ್ಲ ಸಾರಿ, ಇಪ್ಪತ್ತೈದು ವರ್ಷದಿಂದ ಮೈನಸ್ ಮೂವತ್ತು ಡಿಗ್ರಿ ಚಳಿಯಲ್ಲೂ ಟ್ರಕ್ಕಿನಲ್ಲೇ ಕೂತಿದ್ದೀ. ಪಾರ್ಕಿಂಗ್ ನೋಡಿಕೊಳ್ಳುವ ಆರ್ಲೊ ನಿನ್ನನ್ನು ಟೀಮಿನ ಡ್ರೈವರ್ ಅಂದುಕೊಂಡು ಕ್ರಿಸ್ಮಸ್‌ಗೆ ಟರ್ಕಿ ಕೋಳಿ ಕೊಟ್ಟನಂತೆ. ನೀನು ಇಸ್ಕೊಂಡೆಯಂತೆ.

ಅಮ್ಮನ ಮಾತು ಕೇಳಬೇಡ. "ನಿಮ್ಮಪ್ಪ ಒಳಗ್ ಬಂದು ನೀವು ಸೋತ್ರೆ, ಆ ಮುಖಾನ ಬೇಸಿಗೆ ತನಕ ನೋಡ್ಬೇಕಾದೋಳು ನಾನು. ಹೊರಗೇ ಇರ್ಲಿ ಬಿಡೆ" ಅನ್ನುತ್ತಾಳೆ.

ಹಳೆಯ ಕಂಬಳಿ ತಾ, ಒಳಗೂ ಚಳಿಯೇ. ಟ್ರಕ್ಕಿನ ಕೀಲಿ ಆರ್ಲೊ ಕೈಗೆ ಕೊಟ್ಟು ಬಾ. ಇಲ್ಲದಿದ್ದರೆ ಆಟ ಬಿಸಿಯೇರಿದ ಕೂಡಲೇ ಎದ್ದು ಓಡುತ್ತೀ.

ಡಾಕ್ಟರು ನನ್ನ ಮಂಡಿಯ ಎಕ್ಸ್-ರೇ ನೋಡಿ, ಆಟಕ್ಕೆ ಇದೇ ಕೊನೆಯ ವರ್ಷ ಅಂದರು. ಅಮ್ಮನಿಗೆ ಇನ್ನೂ ಹೇಳಿಲ್ಲ. ಮುಂದಿನ ಚಳಿಗಾಲದಿಂದ ನಾನೂ ಟ್ರಕ್ಕಿನಲ್ಲಿ ನಿನ್ನ ಪಕ್ಕ ಕೂತು ರೇಡಿಯೊದಲ್ಲಿ ಪಂದ್ಯ ಕೇಳುತ್ತೇನೆ, ಜಾಗ ಮಾಡಿಡು.

ಸೋತರೆ ತಪ್ಪನ್ನು ನಿನ್ನ ಮೇಲೆ ಹಾಕುವುದಿಲ್ಲ. ಇಷ್ಟು ವರ್ಷದಲ್ಲಿ ನನ್ನ ಒಂದು ಗೋಲನ್ನೂ ನೀನು ಕಣ್ಣಾರೆ ನೋಡಿಲ್ಲ.

ಶನಿವಾರ ಒಂದು ಹೊಡೆಯುತ್ತೇನೆ. ಹೆದರಿ ಕಣ್ಣು ಮುಚ್ಚಿಕೊಳ್ಳಬೇಡ.

ನಿನ್ನ ಮಗಳು,
ಮಾರ್ನಿ