ಸದ್ದಿಲ್ಲದ ರೀಲು

ಮಾರ್ಚ್ ೧೪, ಗುರುವಾರ

ಮಗಳೇ ಗುಬ್ಬಿ,

ಚೆನ್ನಾಗಿದ್ದೀಯಾ? ಮೂರು ಪತ್ರ ಬಂದರೂ ಉತ್ತರ ಬರೆಯದೆ ಕೂತ ಈ ಅಪ್ಪನ ಮೇಲೆ ನೀನು ಮುನಿಸಿಕೊಂಡಿದ್ದರೆ ತಪ್ಪಿಲ್ಲ. ಕಣ್ಣಿನ ಪೊರೆಯ ನೆಪ ಹೇಳೋಣವೆಂದುಕೊಂಡೆ. "ಪದಬಂಧ ತುಂಬೋಕೆ ಕಣ್ಣು ಕಾಣುತ್ತೆ, ಮಗಳಿಗೆ ಬರೆಯೋಕೆ ಕಾಣಲ್ವಾ?" ಎಂದು ನಿನ್ನಮ್ಮ ಅದನ್ನೂ ಉಳಿಸಲಿಲ್ಲ.

ನೀನು ಕಳಿಸಿದ ಸಿನಿಮಾ ಇಬ್ಬರೂ ನೋಡಿದೆವು. ನಲವತ್ತು ವರ್ಷದ ಹಿಂದೆ ಸುದ್ದಿಚಿತ್ರಕ್ಕೆಂದು ನಾನು ತೆಗೆದ ರೀಲನ್ನು ಯಾವ ಕಪಾಟಿನಿಂದ ಹೆಕ್ಕಿದೆಯೋ ಮಾರಾಯ್ತಿ! ಮೆರವಣಿಗೆಯ ಮೇಲೆ ಪೊಲೀಸರು ಗುಂಡು ಹಾರಿಸಿದ ಆ ಮಧ್ಯಾಹ್ನ ಮತ್ತೆ ಕಣ್ಣೆದುರು ಬಂತು. ಎಲ್ಲರೂ ಓಡುತ್ತಾರೆ. ಬ್ಯಾಂಕಿನ ಮೂಲೆಯ ಮರೆಗೆ ಹೋಗಿ ಸೇರಿದ್ದ, ಅಚ್ಚುಮನೆಯ ಕೆಲಸಗಾರನೊಬ್ಬ ಮಾತ್ರ ತಿರುಗಿ, ಬಾವುಟ ಎತ್ತಿಕೊಂಡು ನಡುಬೀದಿಗೆ ಬರುತ್ತಾನೆ. ಕ್ಯಾಮೆರಾ ಕಡೆ ನೋಡಿ ನಗುತ್ತಾನೆ. ಬೀಳುತ್ತಾನೆ. ಅಲ್ಲಿ "ಅವನಿಗೆ ಓಡಿಹೋಗುವುದು ಗೊತ್ತಿರಲಿಲ್ಲ" ಎಂದು ನಿನ್ನ ದನಿ ಬಂದಾಗ ನಿನ್ನಮ್ಮ ಅತ್ತಳು. ನಾನು ನೀರು ಕುಡಿಯಲು ಎದ್ದುಹೋದೆ.

ಒಂದು ತಪ್ಪು ತಿದ್ದಿಕೋ. ಅವನದು ಬಿಳಿ ಅಂಗಿ ಎಂದಿದ್ದೀಯ, ಕಪ್ಪುಬಿಳುಪು ರೀಲು ನಿನಗೆ ಮೋಸ ಮಾಡಿದೆ. ಅಂಗಿ ಹಳದಿ. ತೋಳಿಗೆ ಮಸಿ ಹತ್ತಿತ್ತು.

ಭಾನುವಾರದ ಪ್ರದರ್ಶನದಲ್ಲಿ ಅವನ ಅಕ್ಕನ ಪಕ್ಕದಲ್ಲೇ ನನಗೆ ಕುರ್ಚಿ ಎಂದು ಬರೆದಿದ್ದೀಯ. "ನಿಮ್ಮಪ್ಪ ಇಲ್ದೇ ಇದ್ದಿದ್ರೆ ನನ್ನ ತಮ್ಮನ ಧೈರ್ಯ ಯಾರಿಗೂ ಗೊತ್ತಾಗ್ತಿರಲಿಲ್ಲ, ಅವರ ಕೈ ಹಿಡಿದು ಒಂದು ಮಾತು ಹೇಳ್ಬೇಕು" ಎಂದರಂತೆ. ಆ ಸಾಲು ಓದಿದ ಮೇಲೆ ನನಗೆ ಊಟ ಸೇರುತ್ತಿಲ್ಲ.

ಹೊತ್ತುಹೊತ್ತಿಗೆ ಉಣ್ಣು, ಎಡಿಟಿಂಗ್ ಕೋಣೆಯಲ್ಲೇ ಮಲಗಬೇಡ. ನಿನ್ನ ಕೆಲಸ ನನ್ನದಕ್ಕಿಂತ ಚೊಕ್ಕವಾಗಿರಲಿ, ನಿನಗೆ ಒಳ್ಳೆಯದಾಗಲಿ.

ಇಂತಿ,
ಅಪ್ಪ

ಮರೆತ ಮಾತು: ಮರೆತದ್ದೇನಲ್ಲ. ಅವನೇಕೆ ತಿರುಗಿ ಬಂದ ಎಂದು ಮೂರು ಪತ್ರದಲ್ಲೂ ಕೇಳಿದ್ದೀಯ. ಅವನು ಮೊದಲ ಸಲ ಬಾವುಟ ಎತ್ತಿದಾಗ ನಾನು ರೀಲು ಬದಲಿಸುತ್ತಿದ್ದೆ. ಎಂಥ ಚಿತ್ರ ಕೈತಪ್ಪಿತಲ್ಲ ಎಂದು ಹೊಟ್ಟೆ ಉರಿಯಿತು. ಪೊಲೀಸರು ಇನ್ನೂ ಗಾಳಿಯಲ್ಲಷ್ಟೇ ಗುಂಡು ಹಾರಿಸುತ್ತಿದ್ದರು, ಏನೂ ಆಗದು ಎಂದುಕೊಂಡೆ. "ಏ ತಮ್ಮಾ, ಇನ್ನೊಂದ್ಸಲ ಎತ್ತಪ್ಪಾ, ಈ ಕಡೆ ಬಾ, ಬೆಳಕಿಗೆ ಬಾ!" ಎಂದು ಕೂಗಿದೆ. ನನ್ನ ಕ್ಯಾಮೆರಾ ಧ್ವನಿ ಹಿಡಿಯುತ್ತಿರಲಿಲ್ಲ, ಹಾಗಾಗಿ ಇಷ್ಟು ವರ್ಷ ಬಚಾವಾದೆ. ಭಾನುವಾರ ಬರುತ್ತೇನೆ. ಅವನ ಅಕ್ಕ ಕೈ ಚಾಚುವ ಮೊದಲೇ ನಾನೇ ಹೇಳುತ್ತೇನೆ. ಸಿನಿಮಾದಲ್ಲಿ ನೀನು ಹೇಳುವ ಆ ಸಾಲು ತೆಗೆದುಬಿಡು. ಅವನಿಗೆ ಓಡುವುದು ಗೊತ್ತಿತ್ತು, ಮಗಳೇ. ಓಡಿ ಪಾರಾಗಿದ್ದ. ಕರೆದವನು ನಾನು.